ಕತ್ತರಿಸಿಟ್ಟ ಹದಿನೇಳು ಸೆಕೆಂಡು

ಕಂಪ್ಲಿ
೨೩ ಜೂನ್ ೧೯೮೭

ನಾಗೂಗೆ ಅಣ್ಣನ ಆಶೀರ್ವಾದ.

ಭಾನುವಾರ ಮಧ್ಯಾಹ್ನ ನಿನ್ನ ಸಿನಿಮಾ ಟೀವಿಯಾಗ ಬಂತು. ನೀ ಮೊದಲ ತಿಳಿಸಿದ್ದಿ. ಹಂಗಾಗಿ ಹೊಸಪೇಟಿಯಿಂದ ಮೆಕ್ಯಾನಿಕ್ಕನ್ನ ಕರೆಸಿ ಮಿಲ್ಲಿನ ಮ್ಯಾಲೆ ಆಂಟೆನಾ ಎತ್ತರ ಮಾಡಿಸಿದ್ದೆ. ಮನಿಯಾಗಿನ ಟೀವಿ ತಂದು ಆಫೀಸಿನ ಮೇಜಿನ ಮ್ಯಾಲೆ ಇಡಿಸಿದೆ. ಬಜಾರದ ಮಂದಿ, ಲಾರಿ ಡ್ರೈವರುಗಳು, ನಮ್ಮ ಕಣದ ಹೆಣ್ಣುಮಕ್ಕಳು, ಎಲ್ಲರ್ನೂ ಕರೆದಿದ್ದೆ. ಹೆಣ್ಣುಮಕ್ಕಳು ಬಾಗಿಲ ಕಡೆ ಕುಂತಿದ್ರು. ನಿನ್ನ ಅತ್ತಿಗಿ ಚೆನ್ನಬಸಮ್ಮ ಅಷ್ಟೂ ಮಂದಿಗೆ ಮಂಡಕ್ಕಿ, ಮಿರ್ಚಿ ಮಾಡಿದ್ಲು. ನನ್ನ ತಂಗಿ ಪುಣೆದಾಗ ಕಲಿತು ತೆಗೆದ ಸಿನಿಮಾ, ನನ್ನ ಮಿಲ್ಲಿಂದು, ದಿಲ್ಲಿಯಿಂದ ಬರತೈತಿ ಅಂತ ನಾ ಊರೆಲ್ಲ ಹೇಳ್ಕೊಂತ ತಿರುಗಿದ್ದೆ.

ಮೊದಲಿಗೆ ಚಲೋ ಇತ್ತು. ಬಾಯ್ಲರಿನ ಹೊಗಿ, ಕುದಿಸಿದ ಭತ್ತ ಒಣಗಾಕ ಕಣಕ್ಕ ಸುರಿಯೋದು, ಹೆಣ್ಣುಮಕ್ಕಳು ಸಾಲಾಗಿ ಕಾಲಾಗ ಗೆರಿ ಎಳಕೊಂತ ಭತ್ತ ತಿರುವೋದು. ವಿವರಿಸೋ ದನಿ ಇಲ್ಲ, ಸಂಗೀತ ಇಲ್ಲ. ಡ್ರೈವರ್ ಗಾಳೆಪ್ಪ "ಸಾವ್ಕಾರ್ರ, ಹಾಡು ಯಾವಾಗ ಬರತೈತ್ರಿ?" ಅಂದ. ಎಲ್ಲರೂ ನಕ್ಕರು. ನಾನೂ ನಕ್ಕೆ.

ಆಮ್ಯಾಲೆ ಮೋಡ ಬಂತು. ಹೋದ ವರ್ಷ ಮೇ ತಿಂಗಳಾಗ ಅಡ್ಡಮಳಿ ಬಂದ ದಿನ. ಎಲ್ಲರೂ ಭತ್ತ ಗುಡ್ಡಿ ಹಾಕಾಕ ಓಡಾಡಾಕತ್ತಾರ. ಹುಸೇನಮ್ಮ ಭತ್ತ ಬಳಿಯೋ ಹಲಗಿ ಒಗೆದು, ಕಣದ ಅಂಚಿಗೆ ಮಲಗಿಸಿದ್ದ ಮೊಮ್ಮಗಳ ಕಡೆ ಓಡತಾಳ. ಆಗ ನನ್ನ ಮುಖ ಬರತೈತಿ. ಟೀವಿ ತುಂಬ ನನ್ನ ಮುಖ. "ಕೂಸು ಎಲ್ಲಿಗೂ ಹೋಗಂಗಿಲ್ಲ, ಭತ್ತ ಹೋಗತೈತಿ! ಹಲಗಿ ಹಿಡಿಯಲೇ!" ಅಂತ ಒದರತೀನಿ. ಅಲ್ಲಿಗೆ ಕಪ್ಪು. ಮುಂದ ಬರೇ ಮಳಿ, ತಾಡಪತ್ರಿ ಮ್ಯಾಲೆ ನೀರು.

ಮಿರ್ಚಿ ಕಡಿಯೋರು ಕಡಿಯೋದು ನಿಲ್ಲಿಸಿದ್ರು. ಹೆಣ್ಣುಮಕ್ಕಳು ಹುಸೇನಮ್ಮನ್ನ ನೋಡಿದ್ರು, ಆಮ್ಯಾಲೆ ನನ್ನ ನೋಡಿದ್ರು. ನಿನ್ನ ಅತ್ತಿಗಿ ಚಾ ಇಡ್ತೀನಿ ಅಂತ ಎದ್ದು ಹೋದ್ಲು. ಚಾ ಆಗಲೇ ಎಲ್ಲರೂ ಕುಡಿದಿದ್ರು.

ನಾ ಹಂಗ ಅಂದಿಲ್ಲ ಅನ್ನಂಗಿಲ್ಲ. ನನ್ನ ಬಾಯಿ ನಾನ ನೋಡೀನಿ. ಆದ್ರ ನಾಗೂ, ಏಳು ವಾರ ನಮ್ಮ ಮನಿಯಾಗ ಉಂಡಿ, ಮಲಗಿದಿ. ದಿನಾ ಮುಂಜಾನೆಯಿಂದ ಸಂಜಿತನಕ ನಾ ಏನೇನು ಮಾತಾಡಿರಬೇಕು. ಅದರಾಗ ನಿನಗ ಸಿಕ್ಕಿದ್ದು ಇದೊಂದ ಮಾತೇನು? ಸಂಡೂರಿಗೆ ಅಕ್ಕಿ ಲೋಡು ಕಳಿಸಿದ್ರ, ಯಶವಂತನಗರದ ಗಣಿ ಕ್ಯಾಂಟೀನಿನವ ಚೀಲ ಇಳಿಸ್ಕೊಂತ "ಕೂಸು ಹೆಂಗೈತಪ್ಪ?" ಅಂತ ಕೇಳಿದನಂತ. ಎರಡ ದಿನದಾಗ ಮಾತು ಗಣಿತನಕ ಹೋಗೈತಿ.

ಇನ್ನೊಂದು. ಸಿನಿಮಾ ಮುಗಿದ ಮ್ಯಾಲೆ ಹೆಸರು ಬಂದ್ವು. ನಿನ್ನ ಹೆಸರು ಬಂತು. ಮಿಲ್ಲಿನ ಮಾಲಕ ನಿನ್ನ ಅಣ್ಣ ಅಂತ ಎಲ್ಲೂ ಬರಲಿಲ್ಲ.

ಅದನ್ನ ಇನ್ನ ಮುಂದ ಎಲ್ಲೂ ತೋರಿಸಬ್ಯಾಡ.

ನಿನ್ನ ಅಣ್ಣ
ದೊಡ್ಡಬಸಪ್ಪ


ಪುಣೆ
೪ ಜುಲೈ ೧೯೮೭

ಪ್ರೀತಿಯ ಅಣ್ಣನಿಗೆ ನಾಗುವಿನ ನಮಸ್ಕಾರ.

ನಿನ್ನ ಪತ್ರವನ್ನು ಮೂರು ಸಲ ಓದಿದೆ. ನಿನಗೆ ನೋವಾಗಿದೆ ಅನ್ನುವುದು ಗೊತ್ತಾಗುತ್ತದೆ. ಆದರೆ ನಾನು ಯಾವ ರೀತಿಯ ಚಿತ್ರ ಮಾಡುತ್ತೇನೆ ಅನ್ನುವುದನ್ನು ಶುರುಮಾಡುವ ಮೊದಲೇ ನಿನಗೆ ಹೇಳಿದ್ದೆ. ನೆನಪಿದೆಯಾ? ಕಟ್ಟೆಯ ಮೇಲೆ ಕೂತು ಕಬ್ಬು ಸಿಗಿಯುತ್ತಾ ನೀನೇ ಕೇಳಿದ್ದೆ, "ನಾವು ಏನು ಮಾಡಬೇಕು?" ಅಂತ. ಏನೂ ಮಾಡಬೇಡಿ, ದಿನಾ ಮಾಡುವುದನ್ನೇ ಮಾಡಿ, ನಾನು ನೋಡುತ್ತಾ ಇರುತ್ತೇನೆ ಅಂದೆ. "ಹಂಗಾರ ಭಾಳ ಸಸಾರ" ಅಂದೆ ನೀನು.

ಮೊದಲ ವಾರ ನೀನು ದಿನವೂ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಬರುತ್ತಿದ್ದೆ. ಕ್ಯಾಮೆರಾ ಕಂಡರೆ ಕಣದ ದುರ್ಗಕ್ಕ ಸೆರಗು ಸರಿಮಾಡಿಕೊಳ್ಳುತ್ತಿದ್ದಳು. ಆ ವಾರ ತೆಗೆದದ್ದರಲ್ಲಿ ಒಂದಡಿ ರೀಲನ್ನೂ ನಾನು ಬಳಸಿಲ್ಲ. ಎರಡನೇ ವಾರ ನಿಮಗೆಲ್ಲ ನಮ್ಮ ಬಗ್ಗೆ ಬೇಸರ ಬಂತು. ಮೂರನೇ ವಾರಕ್ಕೆ ನಮ್ಮ ಕ್ಯಾಮೆರಾ ಸ್ಟ್ಯಾಂಡಿನ ಕಾಲಿಗೆ ಯಾರೋ ಮೇಕೆ ಕಟ್ಟಿದ್ದರು. ಆ ದಿನ ನನಗಾದ ಸಂತೋಷ ನಿನಗೆ ತಿಳಿಯಲಿಕ್ಕಿಲ್ಲ. ನಾವು ಅಲ್ಲಿರುವುದನ್ನು ನೀವು ಮರೆತಿರಿ. ಚಿತ್ರ ಅಲ್ಲಿಂದ ಶುರುವಾಗುತ್ತದೆ.

ನಾನು ಯಾರ ಬಾಯಿಗೂ ಮಾತು ಹಾಕಲಿಲ್ಲ, ಯಾರನ್ನೂ ಇನ್ನೊಂದು ಸಲ ಓಡು ಅನ್ನಲಿಲ್ಲ. ಇವನು ಒಳ್ಳೆಯವನು, ಇವನು ಕೆಟ್ಟವನು ಅಂತ ಹೇಳುವ ದನಿಯೂ ಅದರಲ್ಲಿಲ್ಲ. ಮೋಡ ಬಂತು, ಹುಸೇನಮ್ಮ ಓಡಿದಳು, ನೀನು ಕೂಗಿದೆ. ಆದದ್ದನ್ನು ಆದ ಹಾಗೆ ಇಟ್ಟಿದ್ದೇನೆ. ನೋಡುವವರು ನಿನ್ನನ್ನು ಹೇಗೆ ತಿಳಿದುಕೊಳ್ಳುತ್ತಾರೋ ಅದು ಅವರಿಗೆ ಬಿಟ್ಟದ್ದು. ಆ ಮಾತನ್ನು ತೆಗೆದರೆ ನಾನು ಸುಳ್ಳು ಹೇಳಿದಂತೆ.

ಬೆಂಗಳೂರಿನಲ್ಲೂ ಕೇರಳದಲ್ಲೂ ತೋರಿಸಲು ಕೇಳಿದ್ದಾರೆ. ಒಪ್ಪಿಕೊಂಡಿದ್ದೇನೆ.

ಹುಸೇನಮ್ಮ ಹೇಗಿದ್ದಾಳೆ? ಟೀವಿಯಲ್ಲಿ ತನ್ನನ್ನು ನೋಡಿ ಏನಂದಳು? ಕೂಸಿಗೆ ಈಗ ಎರಡು ವರ್ಷ ಹತ್ತಿರ ಬಂತಲ್ಲ, ನಡೆಯುತ್ತಿರಬೇಕು. ಅವರ ಸುದ್ದಿ ಬರಿ. ಅತ್ತಿಗೆಗೆ ನಮಸ್ಕಾರ ತಿಳಿಸು. ಈ ತಿಂಗಳ ಕೊನೆಗೆ ಪಂಚಮಿಗೆ ಬಂದಾಗ ಎದುರಾಎದುರು ಕೂತು ಮಾತಾಡೋಣ.

ನಿನ್ನ
ನಾಗು


ಕಂಪ್ಲಿ
೧೮ ಜುಲೈ ೧೯೮೭

ನಾಗೂಗೆ ಆಶೀರ್ವಾದ.

ಕಾಗದ ಮುಟ್ಟಿತು. ಕಾಲುವಿಗೆ ನೀರು ತಡಾ ಮಾಡಿ ಬಿಟ್ಟಾರ. ಬಾಯ್ಲರಿನ ಪೈಪು ಬದಲು ಮಾಡಿಸಾಕತ್ತೀನಿ. ನಿನ್ನ ಅತ್ತಿಗಿಗೆ ನಡ ನೋವು ಮತ್ತ ಎದ್ದೈತಿ. ಬಳ್ಳಾರಿಗೆ ಕರ್ಕೊಂಡು ಹೋಗಿ ತೋರಿಸಿಕೊಂಡು ಬಂದೆ.

ಈ ಸಲ ಪಂಚಮಿಗೆ ಬರೋದು ಬ್ಯಾಡ. ಮನಿಯಾಗ ಕೆಲಸ ಭಾಳ ಐತಿ.

ದೊಡ್ಡಬಸಪ್ಪ


ಎಮ್ಮಿಗನೂರು
೬ ಸೆಪ್ಟೆಂಬರ್ ೧೯೮೭

ನಾಗಮ್ಮಾರಿಗೆ ಹುಸೇನಮ್ಮ ಹೇಳಿ ಬರಿಸಿದ್ದು.

ನೀವು ಪುಣೆಕ್ಕ ಹೋಗೋ ಮುಂದ ನಮಗೆಲ್ಲ ನಿಮ್ಮ ವಿಳಾಸ ಬರೆದ ಕಾಗದ ಕೊಟ್ಟು ಹೋಗಿದ್ರಿ, ಬೇಕಾದಾಗ ಬರೀರಿ ಅಂತ. ಉಳಿದೋರು ಅದರಾಗ ಸಕ್ಕರಿ ಕಟ್ಟಿದ್ರು. ನಾ ಇಟ್ಟಿದ್ದೆ. ಈಗ ಬೇಕಾತು.

ನಾ ಈಗ ಕಂಪ್ಲಿಯಾಗ ಇಲ್ರಿ. ಮಗಳು ಉಚ್ಚೆಂಗಮ್ಮನ ಮನಿಯಾಗ ಎಮ್ಮಿಗನೂರಾಗ ಅದೀನಿ. ನಾಟಿ ಹಚ್ಚಾಕ ಹೋಗ್ತೀನಿ. ಟೀವಿಯಾಗ ಬಂದ ಮರುವಾರ ಮಿಲ್ಲಿನ ಮೇಸ್ತ್ರಿ "ಸಾವ್ಕಾರ್ರು ಈ ವಾರ ಬ್ಯಾಡ ಅಂದಾರ" ಅಂದ. ಆಮ್ಯಾಲಿನ ವಾರ ಹೋದೆ. ಅದ ಮಾತು. ಅದರ ಮ್ಯಾಲಿನ ವಾರಾನೂ. ಸಾವ್ಕಾರ್ರು ಆಫೀಸಿನಾಗ ಕುಂತಿದ್ರು, ಕಿಟಕಿಯಾಗ ಕಾಣ್ತಿದ್ರು. ಅವರು ತಾವ ಬಾಯಿಬಿಟ್ಟು ಹೇಳಿದ್ರ ಒಂದು ಮಾತು ನಾನೂ ಕೇಳ್ತಿದ್ದೆ. ಅವರು ನನ್ನ ಕಡೆ ನೋಡಲಿಲ್ಲ. ಹದಿನಾಲ್ಕು ವರ್ಷ ಆ ಕಣದಾಗ ತಿರುವೀನಿ. ನನ್ನ ಕಾಲು ಭತ್ತದಾಗ ಹೆಂಗ ಸರಿತೈತಿ ಅಂತ ನೋಡಿ ಭತ್ತ ಒಣಗೈತೋ ಇಲ್ಲೋ ಹೇಳ್ತಿದ್ರು.

ನಾಟಿ ಕೆಲಸ ನನಗ ಹೊಸದಲ್ಲ. ಆದ್ರ ಈ ವಯಸ್ಸಿನಾಗ ಕೆಸರಾಗ ಬಗ್ಗಿ ನಿಂತ್ರ ಮಣಕಾಲು ಕೇಳಂಗಿಲ್ಲ. ಅದನ್ನ ನಿಮಗ ದೂರು ಅಂತ ಹೇಳಾಕತ್ತಿಲ್ಲ. ನಿಮ್ಮನ್ನ ಒಂದು ಕೇಳಬೇಕಿತ್ತು.

ಆ ದಿನ ನಾ ಕೂಸಿನ ಕಡೆ ಓಡಿದೆ. ಅದರವ್ವ ಉಚ್ಚೆಂಗಮ್ಮ ಆಗ ನನ್ನ ಮನಿಯಾಗ ಜ್ವರ ಬಂದು ಮಲಗಿದ್ಲು, ಅದಕ್ಕ ನಾ ಕಣಕ್ಕ ತಂದಿದ್ದೆ. ಸಾವ್ಕಾರ್ರು ಒದರಿದ್ರು. ಅಲ್ಲಿತನಕ ಟೀವಿಯಾಗ ಬಂತು. ನಾ ಹೆದರಿ ಅರ್ಧದಾಗ ನಿಂತಿದ್ದೆ. ಆಮ್ಯಾಲೆ ಸಾವ್ಕಾರ್ರು ತಾವ ಓಡಿ ಹೋಗಿ ಕೂಸನ್ನ ಎತ್ಕೊಂಡ್ರಲ್ಲ? ಹೆಗಲ ಮ್ಯಾಲೆ ಹಾಕ್ಕೊಂಡು, ಅದು ಒದರಾಕತ್ತಿತ್ತು, ಇವರೂ "ಜಲ್ದಿ, ಜಲ್ದಿ" ಅಂತ ನಮ್ಮ ಮ್ಯಾಲೆ ಒದರಾಕತ್ತಿದ್ರು. ಒಂದು ಚಪ್ಪಲಿ ಕಣದಾಗ ಬಿಟ್ಟಿದ್ರು. ನಿಮ್ಮ ಮಷಿನ್ನು ಅವರ ಕಡೆನ ಇತ್ತು. ನಾ ನೋಡೀನಿ, ನೀವು ಅದರ ಹಿಂದ ನಿಂತಿದ್ರಿ. ಅದು ಯಾಕ ಬರಲಿಲ್ಲ?

ಮಳಿ ಬಿದ್ದು ಹಾಳಾಯ್ತೇನು? ಹಂಗಾದ್ರ ಹಂಗಂತ ಹೇಳ್ರಿ.

ಅವರು ಒದರಿದ್ದು ತೆಗೀರಿ ಅಂತ ನಾ ಹೇಳಂಗಿಲ್ಲ. ಅದನ್ನ ಅವರು ಅಂದಾರ. ಅದೊಂದ ದಿನ ಅಲ್ಲ, ಹಿಂದ ಭಾಳ ಸಲ ಅಂದಾರ, ದುರ್ಗಕ್ಕಗ ಅಂದಾರ, ಯಮನಮ್ಮಗ ಅಂದಾರ. ಅದು ಇರಲಿ. ಆದ್ರ ಅರ್ಧ ತೋರಿಸಿದ್ದಕ್ಕ ಅವರು ಊರ ಮುಂದ ಸಣ್ಣೋರಾದ್ರು. ಊರ ಮುಂದ ಸಣ್ಣೋರಾದ್ರು ಅಂತ ನನ್ನ ಬಿಟ್ರು. ಈ ಎರಡರ ನಡುವ ನಾ ಮಾಡಿದ್ದೇನು?

ಕೂಸು ಚಲೋ ಐತಿ. ನಡೀತೈತಿ, ಬೀಳತೈತಿ.

ಹುಸೇನಮ್ಮನ ಹೆಬ್ಬೆಟ್ಟು

(ಬರೆದವನು ಪಕೀರಪ್ಪ, ಶಾಲಿ ಜವಾನ, ರಿಟೈರ್ಡ್. ಆಕಿ ಹೇಳಿದ್ದನ್ನ ಹೇಳಿದಂಗ ಬರದೀನಿ. ಒಂದೆರಡು ಬೈಗುಳ ಬಿಟ್ಟೀನಿ.)


ಪುಣೆ
೨ ಅಕ್ಟೋಬರ್ ೧೯೮೭

ಅಣ್ಣಾ,

ಹುಸೇನಮ್ಮ ಕಾಗದ ಬರೆಸಿದ್ದಾಳೆ. ಅದನ್ನು ಇದರ ಜೊತೆ ಇಟ್ಟಿದ್ದೇನೆ. ಮೊದಲು ಅದನ್ನು ಓದು, ಆಮೇಲೆ ಇದನ್ನು.

ಓದಿದೆಯಾ?

ಅವಳು ಹೇಳಿದ್ದು ನಿಜ. ನೀನು ಕೂಸನ್ನು ಎತ್ತಿಕೊಂಡೆ. ಅದು ಮಳೆಯಲ್ಲಿ ಹಾಳಾಗಲಿಲ್ಲ. ನನ್ನ ಹತ್ತಿರ ಇದೆ. ಎಡಿಟಿಂಗ್ ಕೋಣೆಯ ಕಪಾಟಿನಲ್ಲಿ ಒಂದು ಸಣ್ಣ ಡಬ್ಬಿಯಲ್ಲಿದೆ. ಹದಿನೇಳು ಸೆಕೆಂಡು. ಜುಲೈನಲ್ಲಿ "ಆದದ್ದನ್ನು ಆದ ಹಾಗೆ ಇಟ್ಟಿದ್ದೇನೆ" ಅಂತ ನಿನಗೆ ಬರೆದೆನಲ್ಲ, ಆಗಲೂ ಅದು ನನ್ನ ತಲೆಯ ಮೇಲಿನ ಕಪಾಟಿನಲ್ಲೇ ಇತ್ತು.

ಹೇಗಾಯಿತು ಹೇಳುತ್ತೇನೆ. ಮೊದಲು ಜೋಡಿಸಿದಾಗ ಆ ತುಂಡು ಚಿತ್ರದಲ್ಲಿತ್ತು. ನೀನು ಕೂಗುತ್ತೀಯ, ತಿರುಗಿ ಓಡುತ್ತೀಯ, ಕೂಸನ್ನು ಎಡ ಹೆಗಲಿಗೆ ಹಾಕಿಕೊಂಡು ಮತ್ತೆ ಕಣದ ಮಧ್ಯಕ್ಕೆ ಬರುತ್ತೀಯ. ಒಂದು ಕಾಲಲ್ಲಿ ಚಪ್ಪಲಿ ಇಲ್ಲ. ಕೂಸು ನಿನ್ನ ಕಿವಿ ಹಿಡಿದುಕೊಂಡಿದೆ. ನೀನು ಒಂದು ಕೈಯಲ್ಲಿ ಅದರ ತಲೆ ಮುಚ್ಚಿ, ಇನ್ನೊಂದು ಕೈ ಬೀಸಿ ಎಲ್ಲರ ಮೇಲೂ ಕೂಗುತ್ತಿದ್ದೀಯ. ಗೆಳೆಯರು ಐದಾರು ಜನ ನೋಡಲು ಬಂದಿದ್ದರು. ಇಲ್ಲಿಗೆ ಬಂದಾಗ ಎಲ್ಲರೂ ನಕ್ಕರು. ಪ್ರೀತಿಯ ನಗೆಯೇ. ಆದರೆ ಅಲ್ಲಿಯವರೆಗೆ ಕಟ್ಟಿದ ಭಾರವೆಲ್ಲ ಆ ನಗೆಯಲ್ಲಿ ಹೋಯಿತು ಅನ್ನಿಸಿತು ನನಗೆ.

ಮರುದಿನ ಅದನ್ನು ತೆಗೆದೆ. ನಿನ್ನ ಮಾತಿಗೇ ನಿಲ್ಲಿಸಿ ಕಪ್ಪು ಮಾಡಿದೆ. ಅವರಿಗೇ ಮತ್ತೆ ತೋರಿಸಿದೆ. ಯಾರೂ ಮಾತಾಡಲಿಲ್ಲ. ನನಗಿಂತ ದೊಡ್ಡವರೊಬ್ಬರು ಹೆಗಲ ಮೇಲೆ ಕೈ ಇಟ್ಟು ಹೋದರು. ಆ ಮೌನ ನನಗೆ ಹಿಡಿಸಿತು, ಅಣ್ಣಾ. ಆ ಮೌನ ನನಗೆ ಬೇಕಿತ್ತು.

ಅಷ್ಟೇ ಆಗಿದ್ದರೆ ಕಸುಬಿನ ತಪ್ಪು ಅಂದುಕೊಳ್ಳಬಹುದಿತ್ತು. ಇನ್ನೊಂದಿದೆ. ಮಾಲೀಕ ನನ್ನ ಅಣ್ಣ ಅಂತ ಎಲ್ಲೂ ಬರಲಿಲ್ಲ ಅಂದೆ ನೀನು. ನಾನೇ ಹಾಕಲಿಲ್ಲ. ಆ ಕಣದ ಭತ್ತದಲ್ಲೇ ಬೆಳೆದವಳು ನಾನು. ಅಪ್ಪನೂ ಹಾಗೆಯೇ ಕೂಗುತ್ತಿದ್ದ. ನಾನು ಒಳಗೆ ಪಾಠ ಓದುತ್ತಾ ಕೇಳಿಸಿಕೊಳ್ಳುತ್ತಿದ್ದೆ, ಯಾವತ್ತೂ ಹೊರಗೆ ಬಂದು ಒಂದು ಮಾತು ಹೇಳಿದವಳಲ್ಲ. ಇಲ್ಲಿನ ಜನಕ್ಕೆ ನಾನು ಆ ಕಡೆಯವಳಲ್ಲ, ಹುಸೇನಮ್ಮನ ಕಡೆಯವಳು ಅಂತ ತೋರಿಸಿಕೊಳ್ಳಬೇಕಿತ್ತು. ಅದಕ್ಕೆ ನಿನ್ನನ್ನು ಬಳಸಿಕೊಂಡೆ. ಕೊನೆಗೆ ಪೆಟ್ಟು ಬಿದ್ದದ್ದು ಅವಳಿಗೇ.

ನೀನು ಅವಳನ್ನು ಬಿಡಿಸಿದ್ದು ಸರಿ ಅಂತ ನಾನು ಹೇಳುವುದಿಲ್ಲ. ಅದು ನಿನ್ನದು. ಇದು ನನ್ನದು. ಹುಸೇನಮ್ಮನಿಗೂ ಇದನ್ನೇ ಸರಳವಾಗಿ ಬರೆಯಲು ಕೂತೆ. "ನಗು ಬರುತ್ತಿತ್ತು, ಅದಕ್ಕೆ ತೆಗೆದೆ" ಅನ್ನುವಲ್ಲಿಗೆ ಬಂದು ಪೆನ್ನು ನಿಂತಿತು. ಆದರೂ ಹಾಗೆಯೇ ಬರೆದು ಕಳಿಸಿದ್ದೇನೆ.

ಚಿತ್ರವನ್ನು ಬೆಂಗಳೂರಿಗೂ ಕೇರಳಕ್ಕೂ ಕಳಿಸಲಿಲ್ಲ.

ನಾಗು


ಕಂಪ್ಲಿ
೧೯ ಜನವರಿ ೧೯೮೮

ನಾಗೂಗೆ ಆಶೀರ್ವಾದ.

ಮೂರು ತಿಂಗಳಿಂದ ಉತ್ತರ ಬರೀಲಿಲ್ಲ. ಬರಿಯಾಕ ಕುಂತಾಗೆಲ್ಲ ಸಿಟ್ಟು ಬರ್ತಿತ್ತು. ಒಮ್ಮೆ ನಿನ್ನ ಮ್ಯಾಲೆ ಬರ್ತಿತ್ತು, ಒಮ್ಮೆ ಯಾರ ಮ್ಯಾಲೆ ಅಂತ ಗೊತ್ತಾಗ್ತಿದ್ದಿಲ್ಲ. ನಿನ್ನ ಕಾಗದ ಅತ್ತಿಗಿಗೆ ಓದಿ ಹೇಳಿದೆ. "ಹುಸೇನಮ್ಮನ್ನ ಬಿಟ್ಟೀರೇನು?" ಅಂತ ಕೇಳಿದ್ಲು. ಆಕಿಗೂ ಗೊತ್ತಿದ್ದಿಲ್ಲ.

ನಾಗೂ, ಕೂಸನ್ನ ಎತ್ತಿದ್ದು ನನಗ ನೆನಪಿಲ್ಲ. ದೇವರಾಣಿ ನೆನಪಿಲ್ಲ. ಆ ದಿನ ಅಂದ್ರ ಟೀವಿಯಾಗ ನೋಡಿದ ಮುಖ ಒಂದ ಕಣ್ಣಿಗೆ ಬರತೈತಿ. ನಾ ಎತ್ತಿದೆ ಅಂತ ನೀವಿಬ್ಬರೂ ಅಂದ್ರೂ ಅದು ಬ್ಯಾರೆ ಯಾರೋ ಮಾಡಿದ ಕೆಲಸ ಅನ್ನಿಸತೈತಿ.

ಹೋದ ವಾರ ಎಮ್ಮಿಗನೂರಿಗೆ ಹೋದೆ. ಬ್ಯಾಸಗಿ ಬೆಳಿಗೆ ನಾಟಿ ನಡೆದಿತ್ತು. ಹನ್ನೆರಡು ಮಂದಿ ಸಾಲಾಗಿ ಬಗ್ಗಿದ್ರು, ಯಾರು ಯಾರಂತ ಗುರುತು ಹತ್ತಲಿಲ್ಲ. ಬದುವಿನ ಮ್ಯಾಲೆ ನಿಂತು "ಹುಸೇನಮ್ಮಾ" ಅಂದೆ. ಆಕಿ ತಲಿ ಎತ್ತಿ ನೋಡಿ ಮತ್ತ ಬಗ್ಗಿದ್ಲು. ಸಾಲು ಬದುವಿಗೆ ಬಂದು ಮುಟ್ಟೋತನಕ ನಿಂತೆ. ನಾಟಿಯವರೆಲ್ಲ ನನ್ನ ನೋಡಿ ಮುಸಿಮುಸಿ ನಗಾಕತ್ತಿದ್ರು. ಆ ಮಾತು ಅವರಿಗೂ ಗೊತ್ತಿತ್ತು.

"ಏನ್ರಿ ಸಾವ್ಕಾರ್ರ" ಅಂದ್ಲು.

"ನಾ ಕೂಸನ್ನ ಎತ್ತಿದ್ನೇನು?" ಅಂತ ಕೇಳಿದೆ. ತಪ್ಪಾತು ಅನ್ನಬೇಕಂತ ದಾರಿ ತುಂಬ ಅಂದ್ಕೊಂತ ಬಂದಿದ್ದೆ. ಬಾಯಿಗೆ ಬಂದಿದ್ದು ಇದು.

"ಅದೂ ನೆನಪಿಲ್ಲೇನು? ನಿಮ್ಮ ಅಂಗಿ ತೋಯಿಸಿತ್ತು ಅದು."

"ಮಳಿಗೆ ತೋದಿರಬೇಕು."

"ಮಳಿ ಬೆನ್ನಿಗೆ ಬೀಳತೈತ್ರಿ, ಎದಿಗೆ ಬೀಳತೈತೇನು?" ಅಂದ್ಲು. ಉಳಿದೋರು ಜೋರಾಗಿ ನಕ್ಕರು. ನನಗೂ ನಗು ಬಂತು. ಆದ್ರ ಆಕಿ ನಗಲಿಲ್ಲ.

"ಸಾವ್ಕಾರ್ರ, ಟೀವಿಯಾಗ ನಾ ಓಡಿದ್ದು ಬಂತು ಅಂತ ನನ್ನ ಬಿಟ್ರಿ. ನಾ ಓಡಬಾರದಿತ್ತೇನು?"

ಇದಕ್ಕ ಏನು ಹೇಳ್ತಿ ನಾಗೂ? ಬದುವಿನ ಮ್ಯಾಲೆ ನಿಂತಿದ್ದೆ, ಆಕಿ ಮಣಕಾಲು ಮಟ ಕೆಸರಾಗ ನಿಂತಿದ್ಲು. "ಓಡಬೇಕಿತ್ತು" ಅಂದೆ. "ನಿನ್ನ ಮುಖ ನೋಡಾಕ ನನಗ ಆಗಲಿಲ್ಲ, ಅದಕ್ಕ ಮೇಸ್ತ್ರಿ ಕಡೆ ಹೇಳಿಸಿದೆ" ಅಂದೆ. ಹನ್ನೆರಡು ಮಂದಿ ಮುಂದ ಅಂದೆ.

ಆಕಿ ಕೈಗೆ ಹತ್ತಿದ ಕೆಸರು ಒರೆಸಿಕೊಂಡ್ಲು. ಆಮ್ಯಾಲೆ "ಈಗ ಬರಾಕ ಆಗಂಗಿಲ್ರಿ. ನಾಟಿಗೆ ಹಚ್ಕೊಂಡೀನಿ, ನಡುವ ಬಿಟ್ರ ಇವರಿಗೆ ಒಂದಾಳು ಕಡಿಮಿ ಆಗತೈತಿ. ಬ್ಯಾಸಗಿ ಭತ್ತ ಕಣಕ್ಕ ಬರೋ ಹೊತ್ತಿಗೆ ಬರ್ತೀನಿ. ಆದ್ರ ಮಳಿ ಬಂದ್ರ ಮತ್ತ ಓಡಾಕಿನ, ಈಗ ಹೇಳಿರ್ತೀನಿ" ಅಂದ್ಲು.

"ನಾ ಮತ್ತ ಒದರೋನ" ಅಂದೆ. ಖರೆ ಹೇಳಬೇಕಂದ್ರ ಅದ ಖರೆ. ಒದರಂಗಿಲ್ಲ ಅಂತ ಮಾತು ಕೊಟ್ರ ಉಳಿಸ್ಕೊಳ್ಳೋ ಮನಷ ನಾನಲ್ಲ.

"ಒದರ್ರಿ, ನಾ ನಿಲ್ಲಂಗಿಲ್ಲ" ಅಂದು ಮುಂದಿನ ಸಾಲಿಗೆ ಇಳಿದ್ಲು. ಇಳಿಯೋ ಮುಂದ ತಿರುಗಿ "ನಾಗಮ್ಮಾರು ತೆಗೆದ ತುಂಡು ಇಟ್ಟಾರಂತಲ್ಲ, ಅದನ್ನ ನಾವೆಲ್ಲ ನೋಡಬೇಕ್ರಿ" ಅಂದ್ಲು.

ಅದಕ್ಕ ಬರೀತಿದ್ದೀನಿ. ಬ್ಯಾಸಗಿ ಭತ್ತ ಬಂದಾಗ ಬಾ. ತಗೊಂಡು ಬಾ.

ದೊಡ್ಡಬಸಪ್ಪ


ಪುಣೆ
೭ ಫೆಬ್ರವರಿ ೧೯೮೮

ಪ್ರೀತಿಯ ಅಣ್ಣನಿಗೆ,

ಬರುತ್ತೇನೆ. ಮೇ ಮೊದಲ ವಾರ. ಪ್ರೊಜೆಕ್ಟರು ಹೊಸಪೇಟೆಯಲ್ಲೇ ಬಾಡಿಗೆಗೆ ಸಿಗುತ್ತದಂತೆ, ವಿಚಾರಿಸಿದ್ದೇನೆ. ಬಯಲಲ್ಲಿ ಬೆಳಕಿದ್ದರೆ ಚಿತ್ರ ಕಾಣುವುದಿಲ್ಲ. ಗೋದಾಮಿನ ಬಾಗಿಲು ಹಾಕಿ, ಗವಾಕ್ಷಿಗೆ ಗೋಣಿಚೀಲ ಕಟ್ಟಿದರೆ ಮಧ್ಯಾಹ್ನ ಊಟದ ಹೊತ್ತಿಗೇ ತೋರಿಸಬಹುದು. ಹೆಣ್ಣುಮಕ್ಕಳು ಸಂಜೆ ಮನೆಗೆ ಹೋಗಿ ಅಡುಗೆ ಮಾಡಬೇಕಲ್ಲ.

ಆ ಹದಿನೇಳು ಸೆಕೆಂಡನ್ನು ಮತ್ತೆ ಅದರ ಜಾಗಕ್ಕೆ ಅಂಟಿಸಿದ್ದೇನೆ. ಕೊನೆಯಲ್ಲಿ ಒಂದು ಸಾಲು ಸೇರಿಸಿದ್ದೇನೆ, ಮಿಲ್ಲಿನ ಮಾಲೀಕರು ಈ ಚಿತ್ರ ಮಾಡಿದವಳ ಅಣ್ಣ ಅಂತ. ನನ್ನ ಹೆಗಲ ಮೇಲೆ ಕೈ ಇಟ್ಟಿದ್ದರಲ್ಲ, ಅವರು ನೋಡಿ "ಚಿತ್ರ ಸಡಿಲವಾಯಿತು" ಅಂದರು. ಇರಬಹುದು. ನನಗೂ ಒಮ್ಮೊಮ್ಮೆ ಹಾಗೆ ಅನ್ನಿಸುತ್ತದೆ. ಆದರೂ ಇನ್ನು ಮುಂದೆ ತೋರಿಸುವುದು ಇದನ್ನೇ. ಟೀವಿಯವರಿಗೂ ಬರೆದಿದ್ದೇನೆ. ಅವರು ಮತ್ತೆ ಹಾಕುತ್ತಾರೆ ಅನ್ನುವ ನಂಬಿಕೆ ನನಗಿಲ್ಲ. ಊರ ಜನ ನೋಡಿದ್ದನ್ನು ಅವರ ಕಣ್ಣಿಂದ ವಾಪಸು ತೆಗೆಯಲು ನನ್ನಿಂದ ಆಗುವುದಿಲ್ಲ. ಅದು ನಿನಗೆ ಗೊತ್ತಿರಲಿ.

ಎಮ್ಮಿಗನೂರಿನ ಬದುವಿನ ಮೇಲೆ ನೀನು ನಿಂತದ್ದನ್ನು ಓದುವಾಗ ನನ್ನ ಕೈಯಲ್ಲಿ ಕ್ಯಾಮೆರಾ ಇರಬೇಕಿತ್ತು ಅನ್ನಿಸಿತು. ಮರುಕ್ಷಣ ಇರಲಿಲ್ಲವಲ್ಲ, ಒಳ್ಳೆಯದಾಯಿತು ಅನ್ನಿಸಿತು.

ನಿನ್ನ
ನಾಗು


ಕಂಪ್ಲಿ
೧೨ ಮೇ ೧೯೮೮

ನಾಗೂಗೆ ಅಣ್ಣನ ಆಶೀರ್ವಾದ.

ನೀ ಹೋಗಿ ಆರು ದಿನ ಆತು. ಪುಣೆಕ್ಕ ಸುಖವಾಗಿ ಮುಟ್ಟಿದಿ ಅಂತ ತಿಳಕೊಂಡೀನಿ. ಆ ತುಂಡು ನಾ ಯಾಕ ನೋಡಲಿಲ್ಲ ಅಂತ ಇದ್ದ ಎರಡು ದಿನ ನೀನೂ ಕೇಳಲಿಲ್ಲ, ನಾನೂ ಹೇಳಲಿಲ್ಲ. ಸ್ಟೇಷನ್ನಿನಾಗ ರೈಲು ಬಂದ ಮ್ಯಾಲೆ "ಅಣ್ಣಾ, ಮತ್ತೊಮ್ಮೆ ಬಂದು ನಿನಗೊಬ್ಬನಿಗೇ ಹಾಕಿ ತೋರಿಸ್ತೀನಿ" ಅಂದಿ. ಬ್ಯಾಡ ಅಂದೆ. ಯಾಕ ಬ್ಯಾಡ ಅಂದೆ ಅಂತ ನಿನಗ ತಿಳೀಬೇಕಲ್ಲ. ನೀ ಒಳಗ ಮಷಿನ್ನಿನ ಹತ್ರ ಇದ್ದಿ. ಹೊರಗ ಏನಾತು ನಿನಗ ಗೊತ್ತಿಲ್ಲ.

ಗೋದಾಮಿನಾಗ ಎಲ್ಲರೂ ಚೀಲದ ಮ್ಯಾಲೆ ಕುಂತಿದ್ರು. ನಾ ಹಿಂದ ಬಾಗಿಲಿಗೆ ಒರಗಿ ನಿಂತಿದ್ದೆ. ದುರ್ಗಕ್ಕ ತನ್ನ ತಾ ನೋಡಿ "ಅಯ್ಯ, ನಾ ಇಷ್ಟು ದಪ್ಪ ಅದೀನೇನು?" ಅಂದಿದ್ದು ನೀನೂ ಕೇಳಿರಬೇಕು. ಅರ್ಧ ಆಗಿತ್ತು. ಇನ್ನೂ ಮೋಡ ಬಂದಿದ್ದಿಲ್ಲ. ಹುಸೇನಮ್ಮ ಎದ್ದು ನಿಂತು "ಭತ್ತ ತಿರುವೋ ಹೊತ್ತಾತು, ನಡೀರಿ" ಅಂದ್ಲು. ಆ ಬಿಸಿಲಿಗೆ ಇಪ್ಪತ್ತು ನಿಮಿಷಕ್ಕೊಮ್ಮೆ ತಿರುವದಿದ್ರ ಮ್ಯಾಲಿನ ಕಾಳು ಒಡೀತಾವ. ನಿನ್ನ ಸಿನಿಮಾ ಅದಕ್ಕಿಂತ ಉದ್ದ. ಒಬ್ಬೊಬ್ಬರ ಏಳಾಕತ್ತಿದ್ರು.

"ಕುಂದರ್ರಿ, ನಾ ತಿರುವ್ತೀನಿ" ಅಂದೆ. ಅಂದು ಬಾಗಿಲು ಒಂದೀಟು ತೆಗೆದು ಹೊರಗ ಬಂದು ಮತ್ತ ಹಾಕಿದೆ.

ಚಪ್ಪಲಿ ಕಳಚಿ ಕಣಕ್ಕ ಕಾಲಿಟ್ಟೆ ನೋಡು ನಾಗೂ, ಜೀವ ನೆತ್ತಿಗೆ ಬಂತು. ಕೆಳಗ ಕಾದ ಸಿಮೆಂಟು, ಮ್ಯಾಲೆ ಆಗ ಬಾಯ್ಲರಿನಿಂದ ಸುರಿದ ಭತ್ತ. ಹಬಿ ಇನ್ನೂ ಏಳಾಕತ್ತಿತ್ತು. ಇಪ್ಪತ್ತೆರಡು ವರ್ಷದಿಂದ ಈ ಕಣ ನಂದು, ಅಂಚಿನಾಗ ಚಪ್ಪಲಿ ಹಾಕ್ಕೊಂಡು ತಿರುಗೀನಿ. ಒಳಗ ಬರಿಗಾಲಾಗ ಒಂದು ಸಾಲು ನಡೆದವನಲ್ಲ. ಅವರು ಎಳಿಯೋದು 'ಸರ್' ಅಂತ ನೀರು ಹರದಂಗ ಕೇಳತೈತಿ. ನಾ ಎಳೆದ್ರ ಕಾಲು ಹೂತು ನಿಲ್ಲಾಕತ್ತು. ಮುಂಗಾಲು ಎತ್ತಬೇಕೋ ಹಿಮ್ಮಡಿ ಎತ್ತಬೇಕೋ ತಿಳೀಲಿಲ್ಲ. ಒಂದು ಸಾಲು ಮುಗಿಸೋದ್ರಾಗ ಅಂಗಿ ತೋದು ಮೈಗೆ ಹತ್ತಿತ್ತು.

ಮೇಸ್ತ್ರಿ ಓಡಿ ಬಂದು "ಸಾವ್ಕಾರ್ರ, ಇದೇನ್ರಿ, ಬಿಡ್ರಿ" ಅಂದ. "ನೀ ಒಳಗ ಹೋಗಿ ಸಿನಿಮಾ ನೋಡು" ಅಂದೆ.

ನಾಕನೇ ಸಾಲಿನಾಗಿದ್ದೆ. ಒಳಗಿಂದ ಮೊದಲು ನನ್ನ ದನಿ ಕೇಳಿತು. ಕದ ಹಾಕಿದ್ರೂ ಕೇಳಿತು. ಆ ಮಾತು. ನಾ ಅಲ್ಲೇ ನಿಂತೆ. ಅದರ ಬೆನ್ನಿಗೆ ನಗು. ಎಲ್ಲರೂ ಒಮ್ಮೆಗೆ ನಕ್ಕರು, ತಗಡು ಅದುರಂಗ. ಯಾರೋ ಚಪ್ಪಾಳಿ ತಟ್ಟಿದ್ರು. ಕೂಸನ್ನ ಎತ್ತಿದ ತುಂಡು ಅದ ಇರಬೇಕು ಅಂದ್ಕೊಂಡೆ. ಬಾಗಿಲು ಹತ್ತು ಹೆಜ್ಜಿ ದೂರ ಇತ್ತು. ಓಡಿದ್ರ ಸಿಗ್ತಿತ್ತೋ ಏನೋ. ಇನ್ನೂ ಮೂರು ಸಾಲು ಉಳಿದಿದ್ವು. ತಿರುವಿದೆ.

ಆ ನಗು ಕೇಳಿದಾಗ ಸಿಟ್ಟು ಬರಲಿಲ್ಲ. ನೀ ಆಗ ಆ ನಗುವಿಗೆ ಹೆದರಿದೆ ಅಂತ ಬರದಿದ್ದಿ. ಹೆದರೋ ನಗು ಅಲ್ಲ ಅದು.

ನೋಡಬೇಕಾದೋರು ನೋಡ್ಯಾರ. ನಾ ನೋಡಿ ಏನು ಮಾಡ್ಲಿ? ನೋಡಿದ್ರ ಮತ್ತ ಆ ಮುಖದ ಜೋಡಿ ಈ ಮುಖ ಇಟ್ಟು ದಿನಾ ತೂಗಿಕೊಂತ ಕುಂದರ್ತೀನಿ.

ಮುಗಿದ ಮ್ಯಾಲೆ ಎಲ್ಲರೂ ಹೊರಗ ಬಂದ್ರು. ಹುಸೇನಮ್ಮ ನಾ ತಿರುವಿದ ಸಾಲು ನೋಡಿದ್ಲು. "ಸಾವ್ಕಾರ್ರ, ಇದು ಹೊಲ ಉತ್ತಂಗ ಆತು, ತಿರುವಿದಂಗ ಅಲ್ಲ. ಸರೀರಿ" ಅಂದು ಸೆರಗು ಕಟ್ಟಿ ಮೊದಲನೇ ಸಾಲಿನಿಂದ ಮತ್ತ ಶುರು ಮಾಡಿದ್ಲು. ಉಳಿದೋರೂ ಇಳಿದ್ರು. ನಾ ದಾರಿ ಬಿಟ್ಟು ಅಂಚಿಗೆ ಬಂದು ನಿಂತೆ. ಯಾರೂ ಸಿನಿಮಾದ ಮಾತು ಎತ್ತಲಿಲ್ಲ. ನೀ ಒಳಗ ರೀಲು ಸುತ್ತಾಕತ್ತಿದ್ದಿ.

ಅಂಗಾಲಿಗೆ ಬೊಬ್ಬಿ ಬಂದಾವ. ಅತ್ತಿಗಿಗೆ ಹೇಳಿಲ್ಲ, ಚಪ್ಪಲಿ ಕಡೀತು ಅಂದೀನಿ. ಇವತ್ತಿಗೂ ಕಾಲು ಊರಿದ್ರ ಉರೀತಾವ. ನಿನಗಷ್ಟ ಬರದೀನಿ.

ನಿನ್ನ ಅಣ್ಣ
ದೊಡ್ಡಬಸಪ್ಪ